ಕುದಿನೀರಿನ ವಡೆ

ಊರವರ ಬೀಗವನ್ನೆಲ್ಲ ಸರಿಮಾಡುತ್ತಿದ್ದ ಬೀಗ ರಿಪೇರಿಯವರಿಗೆ ತಮ್ಮ ಬಾಯಿಗೊಂದು ಬೀಗ ಹಾಕಿಕೊಳ್ಳುವುದು ಮಾತ್ರ ಗೊತ್ತಿರಲಿಲ್ಲ. ಹೆಂಡತಿ ಮೆಕ್ಕೆಜೋಳದ ಹಿಟ್ಟಿನ ವಡೆ ಕರಿದು ತಂದಿಟ್ಟಾಗ ನೆಂಟರೆದುರಿಗೇ, "ಹಿಟ್ಟು ಕಲಸಿ ಎಣ್ಣೆಗೆ ಬಿಡೋದು, ಅದೇನು ಮಹಾ ಕೆಲಸ?" ಅಂದುಬಿಟ್ಟರು. ನೆಂಟರು ನಕ್ಕರು. ಆಕೆ ನಗಲಿಲ್ಲ. ಮರುವಾರ ತಂಗಿಗೆ ಮಂಡಿನೋವೆಂದು ಹೊರಟವಳು ಆರು ತಿಂಗಳಾದರೂ ಹಿಂದಿರುಗಿರಲಿಲ್ಲ. ಆ ತಂಗಿಯೋ, ಆಗಲೇ ಮೆಟ್ಟಿಲು ಹತ್ತಿಳಿಯುತ್ತಿದ್ದಳಂತೆ! ಇವರು ಫೋನ್ ಮಾಡಿದಾಗಲೆಲ್ಲ "ಬರೋದಾದ್ರೆ ಬಾ" ಅನ್ನುವರು. ಅದೂ ಒಂದು ಕರೆಯುವ ರೀತಿಯೇ?

ಅಂಗಡಿಗೆ ರಜೆಯಿದ್ದ ಒಂದು ಮಧ್ಯಾಹ್ನ ಅವರಿಗೆ ಆ ವಡೆಯ ಆಸೆ ಹತ್ತಿತು. ಆಸೆ ವಡೆಯದೋ ಮಾಡುವವಳದೋ ಎಂದು ಯಾರಾದರೂ ಕೇಳಿದ್ದರೆ ಸಿಡುಕುತ್ತಿದ್ದರು. ನಲ್ಲಿ ನೀರಿನಲ್ಲಿ ಹಿಟ್ಟು ಕಲಸಿ ಅಂಗೈಯಲ್ಲಿ ತಟ್ಟಿದರು. ಅಂಚೆಲ್ಲ ಬಿರುಕು. ಎಣ್ಣೆಗೆ ಬಿದ್ದದ್ದೇ ತಡ, ವಡೆ ಪುಡಿಪುಡಿ. ಇನ್ನೊಂದು ಬಿಟ್ಟರು, ಅದರದೂ ಅದೇ ಗತಿ.

ಸೀದ ವಾಸನೆಗೆ ಪಕ್ಕದ ಮನೆಯ ಇಸ್ತ್ರಿಯಮ್ಮ ಕಿಟಕಿಯಲ್ಲಿ ಇಣುಕಿದಳು.

"ಏನಣ್ಣಾ, ತಣ್ಣೀರಲ್ಲಿ ಕಲಸಿದ್ರಾ? ಕರ್ಮ! ಕುದಿಯೋ ನೀರು ಹಾಕಿ, ಬಿಸಿ ಆರೋದ್ರೊಳಗೆ ನಾದ್ಬೇಕು. ಅಕ್ಕ ಹೇಳ್ಲಿಲ್ವಾ?"

ಇವರು ಕೇಳಿದ್ದರೆ ತಾನೇ ಅಕ್ಕ ಹೇಳುವುದು!

ಬೇರೆ ಹಿಟ್ಟಿಗೆ ಕುದಿನೀರು ಸುರಿದು ಕೈಹಾಕಿದರು. "ಅಯ್ಯಪ್ಪಾ!" ಬೆರಳು ಚುರ್ರೆಂದಿತು. ಉಫ್ ಉಫ್ ಎಂದು ಊದಿಕೊಂಡು ಮತ್ತೆ ನಾದಿದರು, ಮತ್ತೆ ಊದಿಕೊಂಡರು. ಹೆಂಡತಿಯೂ ಹೀಗೆಯೇ ಊದಿಕೊಳ್ಳುತ್ತಿದ್ದಳು. ಆಗೆಲ್ಲ ಇವರು ಪೇಪರಿನ ಮರೆಯಿಂದ "ಶುರುವಾಯ್ತು ನಾಟಕ" ಅನ್ನುತ್ತಿದ್ದರು. ಒಂದು ದಿನವಲ್ಲ, ಎರಡು ದಿನವಲ್ಲ, ಮೂವತ್ತೊಂದು ವರ್ಷ! ನಾಚಿಕೆಯಿಂದ ಅವರಿಗೆ ಮುಖ ಎಲ್ಲಿಡಬೇಕೋ ತಿಳಿಯಲಿಲ್ಲ.

ಈ ಸಲ ವಡೆ ಒಡೆಯಲಿಲ್ಲ. ಹನ್ನೆರಡೂ ಕೆಂಪಗೆ ಬೆಂದು ತಟ್ಟೆಗೆ ಬಂದವು. ಒಂದನ್ನೂ ಬಾಯಿಗಿಡಲು ಮನಸ್ಸಾಗದೆ, ಹಿಟ್ಟಿನ ಕೈಯಲ್ಲೇ ಫೋನ್ ಒತ್ತಿದರು.

"ಹೇಳಿ," ಅಂದಳು ಹೆಂಡತಿ.

"ವಡೆ ಮಾಡ್ದೆ ಕಣೇ."

"ಮಾಡಿ. ಅದೇನು ಮಹಾ ಕೆಲಸ!"

"ಕೈ ಸುಟ್ಕೊಂಡೆ. ನಿಂಗೂ ಹಿಂಗೇ ಸುಡ್ತಿತ್ತಾ?"

ಆ ಕಡೆ ಪಾತ್ರೆ ಕೆಳಗಿಟ್ಟ ಸದ್ದಾಯಿತು.

"ಈಗ ಕೇಳ್ತಿದ್ದೀರಾ?" ಅಂದಳು.

"ತಪ್ಪಾಯ್ತು. ಬಾರೇ. ನೀನಿಲ್ದೆ ನನ್ಕೈಲಿ ಆಗ್ತಿಲ್ಲ."

ಅವಳು ಮೂಗೆಳೆದುಕೊಂಡದ್ದು ಕೇಳಿಸಿತು.

"ಎಲ್ಲಾ ನೀವೇ ತಿಂದ್ಬಿಡಬೇಡಿ," ಅಂದಳು. "ನಂಗೆ ಇದುವರೆಗೂ ಯಾರೂ ಮಾಡಿಕೊಟ್ಟಿಲ್ಲ."