ಬಾಚಣಿಗೆ ಕಟ್ಟಡದ ಮೇಸ್ತ್ರಿ

ದೊನ್ ಕ್ರಿಸ್ಪಿನ್ ತ್ಲಪಾಲೆ ಅವರಿಗೆ ಜಂಬ ಇತ್ತು. ಅದನ್ನು ಮುಚ್ಚಿಟ್ಟು ಅವರ ಕಥೆ ಹೇಳುವುದು ನನ್ನಿಂದಾಗದು. ಮೆಕ್ಸಿಕೋ ನಗರದ ನಟ್ಟನಡುವೆ ಮೂವತ್ತೊಂದು ಮಹಡಿಯ ಬಾಚಣಿಗೆ ಕಟ್ಟಡ ನಿಂತಿದೆಯಲ್ಲ, ಅದನ್ನು ಕಟ್ಟಿದವರು ಯಾರು ಎಂದು ಕೇಳಿದರೆ "ನಾನು" ಎನ್ನುತ್ತಿದ್ದರು. ನಕ್ಷೆ ಆರ್ಕಿಟೆಕ್ಟ್ ಅರಿಸ್ಮೆಂದಿ ಅವರದಲ್ಲವೇ ಎಂದರೆ, "ಬರೆದ್ರು, ಯಾರು ಇಲ್ಲ ಅಂದ್ರು? ಕಾಗದದ ಮೇಲೆ ಯಾವ ಕಟ್ಟಡ ತಾನೇ ವಾಲುತ್ತೆ?" ಎಂದು ಬಾಯಿ ಮುಚ್ಚಿಸುತ್ತಿದ್ದರು.

ನಾನು ಕೂಕಾ. ಆ ಕಟ್ಟಡದಲ್ಲಿ ಇಪ್ಪತ್ತೈದು ವರ್ಷ ಲಿಫ್ಟ್ ನಡೆಸಿದವಳು. ಅವರು ಅಲ್ಲೇ ರಿಪೇರಿ ಮೇಸ್ತ್ರಿ. ನನ್ನ ಮಗಳ ಜ್ಞಾನಸ್ನಾನದ ದಿನ ಧರ್ಮತಂದೆಯಾಗಿ ಮಗುವನ್ನು ಎತ್ತಿ ಹಿಡಿದವರು ಅವರೇ. ಹಾಗಾಗಿ ಅವರಿಗೆ ನಾನು ಕೊಮಾದ್ರೆ, ನನಗೆ ಅವರು ಕೊಂಪಾದ್ರೆ. ಆ ಸಲುಗೆಯಲ್ಲಿ ದಿನಾ ಕಾಲೆಳೆಯುತ್ತಿದ್ದೆ.

"ಮೂವತ್ತೊಂದು ಮಹಡೀನೂ ನೀವೊಬ್ರೇ ಹೊತ್ತಿದ್ದಾ ಕೊಂಪಾದ್ರೆ?"

"ಇಲ್ಲ ಕೊಮಾದ್ರೆ, ಮೊದಲ ಎಂಟು ಬೇರೆಯವ್ರದ್ದು," ಎನ್ನುತ್ತಿದ್ದರು. ಮುಖದಲ್ಲಿ ಒಂಚೂರೂ ನಗು ಇರುತ್ತಿರಲಿಲ್ಲ.

ಅದು ನಿಜವೇ. 1954ರಲ್ಲಿ ತ್ಲಾಸ್ಕಾಲಾದ ಹಳ್ಳಿಯಿಂದ ಸಿಮೆಂಟ್ ಚೀಲ ಹೊರಲು ಬಂದಾಗ ಅವರಿಗೆ ಹತ್ತೊಂಬತ್ತು. ಎಂಟನೇ ಮಹಡಿ ಮುಗಿಯುವ ಹೊತ್ತಿಗೆ ಹಿರಿಯ ಮೇಸ್ತ್ರಿಯ ಕಣ್ಣು ಮಂಜಾಗಿತ್ತು. ಕಂಬ ನೆಟ್ಟಗಿದೆಯೇ ಎಂದು ದಾರದಲ್ಲಿ ಇಳಿಬಿಟ್ಟು ನೋಡುವ ತೂಗುಗುಂಡನ್ನು ಆತ ಇವರ ಕೈಗೆ ಕೊಟ್ಟ. ಅಲ್ಲಿಂದ ತುದಿಯವರೆಗೆ ಇವರು "ಸರಿ" ಎಂದ ಮೇಲೆಯೇ ಕಾಂಕ್ರೀಟ್ ಬೀಳುತ್ತಿತ್ತು. ಮೇ ಮೂರರ ಶಿಲುಬೆ ಹಬ್ಬಕ್ಕೆ ಗಾರೆಯವರು ಕಟ್ಟಡದ ನೆತ್ತಿಗೆ ಹೂವಿನ ಶಿಲುಬೆ ಏರಿಸುತ್ತಾರಲ್ಲ, 1956ರಲ್ಲಿ ಅದನ್ನು ಹೊತ್ತು ಹತ್ತಿದ್ದೂ ಇವರೇ.

ಬಾಚಣಿಗೆ ಎಂಬುದು ಜನ ಇಟ್ಟ ಹೆಸರು. ಬಿಸಿಲು ತಡೆಯಲೆಂದು ಆರ್ಕಿಟೆಕ್ಟ್ ಮುಂಭಾಗದಲ್ಲಿ ಬುಡದಿಂದ ತುದಿಯವರೆಗೆ ಕಾಂಕ್ರೀಟಿನ ಹಲ್ಲುಗಳನ್ನು ಎಬ್ಬಿಸಿದ್ದರು. ಬೋರ್ಡಿನ ಮೇಲಿನ ಹೆಸರು ಮಾತ್ರ ಒಡೆಯ ಬದಲಾದಂತೆಲ್ಲ ಬದಲಾಯಿತು. ಮೊದಲು ಜೀವವಿಮಾ ಕಂಪನಿ. ಎಪ್ಪತ್ತೊಂದರಲ್ಲಿ ಒಂದು ಬ್ಯಾಂಕು. ಎಂಬತ್ತೆರಡರಲ್ಲಿ ಬ್ಯಾಂಕೇ ಸರ್ಕಾರದ್ದಾಯಿತು, ಕಟ್ಟಡವೂ ಅದರ ಹಿಂದೆಯೇ ಹೋಯಿತು. ತೊಂಬತ್ತಮೂರರಲ್ಲಿ ಮೊಂತೆರೇಯಿಂದ ಬಂದ ಟವೆಲ್ ಗಿರಣಿಯ ಎಲಿಸೊಂದೊ ಸಾಹೇಬರು ಕೊಂಡರು. ನಮ್ಮ ಊರು ಕೆಸರಿನ ಮೇಲೆ ಕೂತು ವರ್ಷವರ್ಷವೂ ಇಳಿಯುತ್ತದೆ. ಬಾಚಣಿಗೆಯ ಬುಡ ಆಳದ ಗಟ್ಟಿ ನೆಲದಲ್ಲಿದೆ, ಅದು ಇಳಿಯುವುದಿಲ್ಲ. ಬೀದಿ ಕೆಳಗೆ ಹೋದ ಹಾಗೆ ಬಾಗಿಲಿಗೆ ಹೊಸ ಮೆಟ್ಟಿಲು ಬೇಕಾಗುತ್ತದೆ. ಬ್ಯಾಂಕಿನವರು ಕರಿಕಲ್ಲಿನ ಎರಡು ಹಾಕಿಸಿದರು, ಸರ್ಕಾರದವರು ಸಿಮೆಂಟಿನ ಒಂದು, ಎಲಿಸೊಂದೊ ಜಾರಿಬೀಳುವಂಥ ನುಣುಪು ಗ್ರಾನೈಟಿನ ಒಂದು. ನಾಲ್ಕನ್ನೂ ಕೂರಿಸಿದ್ದು ದೊನ್ ಕ್ರಿಸ್ಪಿನ್.

ತೊಂಬತ್ತಾರರಲ್ಲಿ ಪಕ್ಕದ ಹನ್ನೆರಡು ಮಹಡಿಯ ಹೋಟೆಲಿನಿಂದ ನೋಟೀಸು ಬಂತು. ಎರಡೂ ಕಟ್ಟಡಗಳ ನಡುವೆ ಬುಡದಲ್ಲಿ ಒಂದು ಮೊಳ ಸಂದಿಯಿತ್ತು. ಹೋಟೆಲಿನ ತಾರಸಿಯ ಹತ್ತಿರ ಅದು ನಾಲ್ಕೇ ಬೆರಳು. ನಿಮ್ಮದು ನಮ್ಮ ಮೇಲೆ ವಾಲುತ್ತಿದೆ, ಮೇಲಿನ ಹತ್ತು ಮಹಡಿ ಕತ್ತರಿಸಿ ಎಂದು ಬರೆದಿದ್ದರು. ಯಾರು ಯಾರ ಮೇಲೆ ವಾಲಿದ್ದಾರೆ ಎಂದು ಒಬ್ಬರೂ ಕೇಳಲಿಲ್ಲ. ಎತ್ತರದ್ದೇ ವಾಲುವುದು ಎಂದುಕೊಂಡರು. ಹುಟ್ಟಿದಾಗಿನಿಂದ ಸೊಟ್ಟ ಗೋಡೆಗಳ ನಡುವೆ ಓಡಾಡಿದ ನಮ್ಮ ಕಣ್ಣಿಗೆ ನೆಟ್ಟಗಿರುವುದು ಯಾವುದೆಂದು ತಿಳಿಯುವುದಾದರೂ ಹೇಗೆ?

ಎಲಿಸೊಂದೊ ಸಾಹೇಬರಿಗೆ ಅದರಿಂದ ದುಃಖವೇನೂ ಆಗಲಿಲ್ಲ. "ಹಳೇದು. ಮೇಲ್ಗಡೆ ಕತ್ತರಿಸಿ, ಉಳಿದಿದ್ದಕ್ಕೆ ಗಾಜು ಹೊದಿಸಿದ್ರಾಯ್ತು," ಎಂದರು.

ದೊನ್ ಕ್ರಿಸ್ಪಿನ್ ಪತ್ರಿಕೆ ಮಡಚಿ ಮಾಡಿದ ಗಾರೆಯವರ ಟೋಪಿಯನ್ನು ಕೈಯಲ್ಲಿ ಹಿಡಿದು ಅವರೆದುರು ನಿಂತರು. "ಒಂಬತ್ತರಿಂದ ಮೇಲಕ್ಕೆ ತೂಗುಗುಂಡು ಹಿಡಿದವನು ನಾನು ಸಾಹೇಬ್ರೆ. ವಾಲಿದ್ರೆ ವಾಲಿಸಿದವನೂ ನಾನೇ. ಕತ್ತರಿಸೋಕ್ ಮುಂಚೆ ಅಳೆದು ನೋಡಿ."

"ಗುಂಡಿನ ಕಾಲ ಮುಗೀತು ತಾತ."

"ಬಿಟ್ರೆ ಈಗ್ಲೂ ಕೆಳಕ್ಕೇ ಬೀಳುತ್ತೆ ಸಾಹೇಬ್ರೆ."

ನೋಟೀಸಿನ ತನಿಖೆಗೆಂದು ನಗರಸಭೆಯಿಂದ ಬಂದಿದ್ದ ಇಂಜಿನಿಯರ್ ಸುರಿತಾ, ಮೂವತ್ತು ದಾಟದ ಹೆಣ್ಣುಮಗಳು, ಕಿಸಕ್ಕನೆ ನಕ್ಕಳು. "ಈ ಗಲ್ಲೀಲಿ ನನ್ನ ಅಳತೆ ಯಂತ್ರ ನಿಲ್ಲಿಸೋಕೇ ಜಾಗ ಇಲ್ಲ. ಮೇಸ್ತ್ರಿ ಹೇಳಿದ ಹಾಗೇ ಮಾಡೋಣ."

ಭಾನುವಾರ ಬೆಳಿಗ್ಗೆ ಸೇರಿದೆವು. ಕೆಟ್ಟು ಬಿಚ್ಚಿಟ್ಟಿದ್ದ ಎರಡನೇ ಲಿಫ್ಟಿನ ಬಾವಿ ಖಾಲಿಯಿತ್ತು. ತುದಿಯಿಂದ ತೆಳು ಉಕ್ಕಿನ ತಂತಿ ಇಳಿಬಿಟ್ಟು, ಅದರ ಕೊನೆಗೆ ಹದಿನೈದು ಕಿಲೋ ಗುಂಡು ಕಟ್ಟಿದೆವು. ಗುಂಡು ತೂಗಾಡದಿರಲೆಂದು ದೊನ್ ಕ್ರಿಸ್ಪಿನ್ ಅದನ್ನು ತಳದಲ್ಲಿ ಹಳೇ ಎಣ್ಣೆ ತುಂಬಿದ ಪೀಪಾಯಿಯೊಳಗೆ ಮುಳುಗಿಸಿ, ಕಾವಲು ಕೂತರು. ತಳದಲ್ಲಿ ತಂತಿಯಿಂದ ಬಾಗಿಲಿನ ಅಂಚಿಗೆ ಸರಿಯಾಗಿ ನಲವತ್ತು ಸೆಂಟಿಮೀಟರ್ ಬರುವಂತೆ ಮೇಲಿನ ಕಟ್ಟನ್ನು ಸರಿಸಿಕೊಂಡೆವು. ಕಟ್ಟಡ ನೆಟ್ಟಗಿದ್ದರೆ ಎಲ್ಲ ಮಹಡಿಯಲ್ಲೂ ಅಷ್ಟೇ ಇರಬೇಕು. ಪಕ್ಕದ ಲಿಫ್ಟಿನಲ್ಲಿ ನಾನು ಸುರಿತಾಳನ್ನೂ ಎಲಿಸೊಂದೊ ಅವರನ್ನೂ ಮಹಡಿಯಿಂದ ಮಹಡಿಗೆ ಏರಿಸಿದೆ. ಅವಳು ಅಳೆಯುವಳು, ನಾನು ಬಾವಿಗೆ ಬಾಗಿ ಕೂಗುವೆ. ಒಂದು, ನಲವತ್ತು. ಆರು, ನಲವತ್ತು. ಹನ್ನೊಂದರಲ್ಲಿ ಒಂದು ನೂಲಿನಷ್ಟು ಹೆಚ್ಚು, ಅದೇನೂ ಲೆಕ್ಕಕ್ಕಿಲ್ಲ ಎಂದಳು.

ಹದಿನೇಳರಲ್ಲಿ ಮೂವತ್ತೇಳು. ಅವಳು ಎರಡು ಸಲ ಅಳೆದಳು. ಹದಿನೆಂಟರಲ್ಲೂ ಮೂವತ್ತೇಳು.

"ನೋಡಿದ್ರಾ? ಇನ್ನು ತುದೀಲಿ ಎಷ್ಟೋ!" ಎಂದರು ಎಲಿಸೊಂದೊ.

ಕೂಗಲು ನನಗೆ ಬಾಯಿ ಬರಲಿಲ್ಲ. ಲಿಫ್ಟ್ ಇಳಿಸಿ ದೊನ್ ಕ್ರಿಸ್ಪಿನ್ ಅವರನ್ನೇ ಕರೆತಂದೆ. ಸಂಖ್ಯೆ ಕೇಳಿದವರೇ ಗೋಡೆಗೆ ಕೈ ಊರಿ ನಿಂತುಬಿಟ್ಟರು. ಅಷ್ಟು ವರ್ಷದಲ್ಲಿ ಅವರ ಮುಖ ಹಾಗೆ ಬಾಡಿದ್ದನ್ನು ನಾನು ಕಂಡಿರಲಿಲ್ಲ. ಆ ಗೋಡೆಯ ಹಸಿರು ಬಣ್ಣ ನೋಡುತ್ತಿದ್ದ ಹಾಗೆ ನನ್ನ ತಲೆಯೊಳಗೆ ಏನೋ ಮಿಂಚಿತು.

"ಕೊಂಪಾದ್ರೆ! ಇವೆರಡೂ ಬ್ಯಾಂಕಿನ ಡೈರೆಕ್ಟರುಗಳ ಮಹಡಿ! ಹೊರಗಿನ ಕೆಲಸಗಾರರನ್ನ ಕರೆಸಿ ಅಮೃತಶಿಲೆ ಹೊದಿಸಿದ್ರಲ್ಲ, ನಿಮ್ಮನ್ನ ಒಳಗೇ ಬಿಡ್ಲಿಲ್ಲ ಅಂತ ವಾರಗಟ್ಟಲೆ ಬೈದ್ರಲ್ಲ!"

ಅವರು ಉಳಿ ಸುತ್ತಿಗೆ ತೆಗೆದು ಬಾಗಿಲಿನ ಅಂಚಿಗೆ ಹಾಕಿದರು. ಮೊದಲು ಸರ್ಕಾರದ ಹಸಿರು ಬಣ್ಣ ಉದುರಿತು. ಸರ್ಕಾರದವರಿಗೆ ಅಮೃತಶಿಲೆಯೂ ಒಂದೇ ಇಟ್ಟಿಗೆ ಗೋಡೆಯೂ ಒಂದೇ, ಎಲ್ಲಕ್ಕೂ ಹಸಿರು ಬಳಿದಿದ್ದರು. ಅದರಡಿ ಬ್ಯಾಂಕಿನ ಬಿಳಿ ಶಿಲೆ, ಮೂರು ಸೆಂಟಿಮೀಟರ್ ದಪ್ಪ. ಅದು ಕಳಚಿ ನೆಲಕ್ಕೆ ಬಿತ್ತು.

"ನನ್ನ ಅಮೃತಶಿಲೆ!" ಎಂದು ಕೂಗಿಕೊಂಡರು ಎಲಿಸೊಂದೊ. ಅಂಥದ್ದೊಂದು ತಮಗಿದೆ ಎಂದು ಅವರಿಗೆ ಆ ಗಳಿಗೆಯವರೆಗೆ ಗೊತ್ತೇ ಇರಲಿಲ್ಲ.

ಒಳಗೆ ಹಲಗೆಯ ಗೆರೆಗಳು ಮೂಡಿದ ಬೂದು ಕಾಂಕ್ರೀಟ್ ಇತ್ತು. ತಂತಿಯಿಂದ ಅಲ್ಲಿಗೆ ನಲವತ್ತು. ಹದಿನೆಂಟರಲ್ಲೂ ಒಡೆದು ನೋಡಿದೆವು, ನಲವತ್ತು. ಅಲ್ಲಿಂದ ಮೇಲಕ್ಕೆ ದೊನ್ ಕ್ರಿಸ್ಪಿನ್ ನಮ್ಮ ಜೊತೆಗೇ ಬಂದರು. ಮೂವತ್ತೊಂದರಲ್ಲಿ ಸುರಿತಾ ಟೇಪು ಹಿಡಿದು ಮಂಡಿಯೂರಿದಳು. "ನಲವತ್ತು," ಎಂದಳು. "ವಾಲಿರೋದು ಹೋಟೆಲು. ಇವತ್ತೇ ಬರೆದು ಕೊಡ್ತೀನಿ ಮೇಸ್ತ್ರಿ. ಒಂದು ಇಟ್ಟಿಗೇನೂ ಯಾರೂ ಮುಟ್ಟೋ ಹಾಗಿಲ್ಲ."

ಇನ್ನು ವರ್ಷಗಟ್ಟಲೆ ಇವರ ಜಂಬ ಕೇಳಬೇಕಲ್ಲಪ್ಪಾ ಎಂದುಕೊಂಡು ತಿರುಗಿದೆ. ಅವರು ಲಿಫ್ಟಿನ ಹೊಸ್ತಿಲ ಮೇಲೆ ಕೂತು ಟೋಪಿಯಲ್ಲಿ ಮುಖ ಮುಚ್ಚಿಕೊಂಡು ಅಳುತ್ತಿದ್ದರು.

"ಎಂಬತ್ತೈದರ ಭೂಕಂಪದಿಂದ ಹನ್ನೊಂದು ವರ್ಷ, ದಿನಾ ಬೆಳಿಗ್ಗೆ ಆ ಸಂದಿ ನೋಡ್ತಿದ್ದೆ ಕೊಮಾದ್ರೆ. ಕಿರಿದಾಗ್ತಾನೇ ಇತ್ತು. ನನ್ನ ಕೈಯೇ ತಪ್ಪಿದೆ, ಒಳಗೆ ಇಷ್ಟು ಜನ ಕೂತಿದಾರೆ ಅಂದ್ಕೊಳ್ತಿದ್ದೆ. ಯಾರಿಗೆ ಹೇಳ್ಲಿ?"

ಆ ಹನ್ನೊಂದು ವರ್ಷವೂ ಅವರನ್ನು ಆಡಿಕೊಂಡವಳು ನಾನು. ಟೇಪನ್ನು ಸುರಿತಾಳ ಕೈಯಿಂದ ಇಸಿದುಕೊಂಡು ನಾನೇ ಹಿಡಿದು ನೋಡಿದೆ. ಆಮೇಲೆ ಬಾವಿಗೆ ಬಾಗಿ, ಮೂವತ್ತೊಂದೂ ಮಹಡಿಗೆ ಕೇಳುವಂತೆ "ನಲವತ್ತು!" ಎಂದು ಕೂಗಿದೆ.

"ಇನ್ನೊಂದ್ಸಲ ಕೂಗು ಕೊಮಾದ್ರೆ," ಎಂದರು.

ಇನ್ನೊಂದು ಸಲ ಕೂಗಿದೆ.