ಐದು ನಿಮಿಷದ ಪೆಟ್ಟಿಗೆ

ನನ್ನ ಗಂಡ ತೀರಿಹೋಗಿ ನಾಲ್ಕು ತಿಂಗಳಾದ ಮೇಲೆ ಅವರ ಲ್ಯಾಪ್‌ಟಾಪ್ ತೆರೆದೆ. ತೆರೆಸಿದ್ದು ಅನುಮಾನ.

ವಾಡಿ ಊರಿನಲ್ಲಿ ಅವರೂ ಅವರ ಗೆಳೆಯನೂ ಸೇರಿ ಪಂಪ್‌ಸೆಟ್ಟಿಗೆ ಕೂರಿಸುವ ಪೆಟ್ಟಿಗೆ ಮಾಡುತ್ತಿದ್ದರು. ಕರೆಂಟ್ ಹೋಗಿ ಬಂದರೆ ಅದು ಐದು ನಿಮಿಷ ಕಾದು ತಾನೇ ಮೋಟರ್ ಚಾಲೂ ಮಾಡಬೇಕು. ತೀರಿಹೋದ ದಿನ, ಆ ವಾರವಷ್ಟೇ ಹಾಕಿದ ಪೆಟ್ಟಿಗೆ ನೋಡಲು ದಂಡೋತಿಯ ಹೊಳೆದಂಡೆಗೆ ಹೋಗಿದ್ದರು. ಕರೆಂಟ್ ಇಲ್ಲದ ಹೊತ್ತಿನಲ್ಲಿ ಮೋಟರಿನ ವೈರು ಬಿಗಿ ಮಾಡುತ್ತಿದ್ದಾಗ ಕರೆಂಟ್ ಬಂತು. ಕೈ ತೆಗೆಯಲು ಹೊತ್ತು ಸಿಗಲಿಲ್ಲ.

“ಅಣ್ಣ ಫ್ಯೂಸ್ ಕಿತ್ತು ಕಿಸೆದಾಗ ಇಟ್ಕೊಂಡಿಲ್ಲ ವೈನಿ. ನಮ್ಮ ಪ್ರೋಗ್ರಾಂನಾಗ ತಪ್ಪಿಲ್ಲ,” ಎಂದು ಗೆಳೆಯ ಮಣ್ಣು ಮಾಡಿದ ದಿನವೇ ಹೇಳಿದ. ಪ್ರೋಗ್ರಾಮಿನ ಬಗ್ಗೆ ನಾನು ಏನೂ ಕೇಳಿರಲಿಲ್ಲ.

ಲ್ಯಾಪ್‌ಟಾಪಿನಲ್ಲಿ ಸರ್ಕ್ಯೂಟಿನ ಚಿತ್ರವಿತ್ತು. ಮೋಟರಿನ ಜಾಗದಲ್ಲಿ ಕೆಂಪು ದೀಪ. ಚಿಪ್ಪಿಗೆ ಹಾಕುವ ಪ್ರೋಗ್ರಾಮನ್ನು ಮೊದಲು ಅಲ್ಲೇ ಓಡಿಸಿ ನೋಡುತ್ತಿದ್ದರು. ಹಸಿರು ಗುಂಡಿ ಒತ್ತಿದೆ. ಸರಿಯಾಗಿ ಐದು ನಿಮಿಷಕ್ಕೆ ದೀಪ ಹತ್ತಿತು. ಆಮೇಲೆ ಹೊಳೆದಂಡೆಯಿಂದ ಬಿಚ್ಚಿ ತಂದಿದ್ದ ಪೆಟ್ಟಿಗೆಗೆ ಮನೆಯ ಬಲ್ಬು ಜೋಡಿಸಿ ಸ್ವಿಚ್ ಹಾಕಿದೆ. ಐದು ಎಣಿಸುವಷ್ಟರಲ್ಲಿ ಹತ್ತಿತು. ಮೂರು ಸಲ ನೋಡಿದೆ.

ಲ್ಯಾಪ್‌ಟಾಪಿನ ಫೈಲನ್ನು ಕೊನೆಯ ಸಲ ತಿದ್ದಿದ ತಾರೀಖು ಮಣ್ಣಾದ ಮರುದಿನದ್ದು. ಆ ದಿನ ಗೆಳೆಯ ಗಿರಾಕಿಗಳ ಕೆಲಸವಿದೆಯೆಂದು ಲ್ಯಾಪ್‌ಟಾಪ್ ಒಯ್ದಿದ್ದ.

ಅವನನ್ನು ಕರೆಸಿದೆ. ಕೊಟ್ಟ ಚಹಾ ಅವನು ಮುಟ್ಟಲಿಲ್ಲ.

“ಇದನ್ನ ನೀನೇ ತಿದ್ದಿದಿ ಹೌದಲ್ಲೊ ತಮ್ಮಾ?”

“ಹೌದ್ರಿ ವೈನಿ.”

“ನಿನ್ನ ತಪ್ಪು ಮುಚ್ಚಲಿಕ್ಕ?”

“ಕಂಪ್ಯೂಟರ್‌ನಾಗ ನೋಡುಮುಂದ ಐದು ನಿಮಿಷ ಯಾರು ಕಾಯ್ತಾರಂತ ಐದು ಸೆಕೆಂಡ್ ಇಡ್ತಿದ್ವಿ. ನಾ ಕಾಯ್ಲಿಕತ್ರ, ‘ಏನೋ ಮುದುಕಿ ಹಂಗ ಕುಂತಿ’ ಅಂತ ಅಣ್ಣ ನಗ್ತಿದ್ದ. ಚಿಪ್ಪಿಗೆ ಹಾಕುಮುಂದ ತಿರುಗಿ ನಿಮಿಷ ಮಾಡ್ಬೇಕಿತ್ತು. ಅಣ್ಣ ಮರ್ತಾನ್ರಿ. ಅವನ ಹೆಸರು ಕೆಡಬಾರದಂತ ತಿದ್ದೀನಿ.”

ಆ ‘ಮುದುಕಿ’ ಮಾತು ನನ್ನ ಗಂಡನದ್ದೇ. ನನಗೂ ಹಾಗೆಯೇ ಅನ್ನುತ್ತಿದ್ದರು. ಆದರೆ ತೀರಿಕೊಂಡವರ ಮೇಲೆ ತಪ್ಪು ಹಾಕುವುದು ಸುಲಭ. ಮರೆತದ್ದು ಯಾರ ಕೈಯೆಂದು ಲ್ಯಾಪ್‌ಟಾಪ್ ಹೇಳುವುದಿಲ್ಲ.

“ಇಂಥ ಪೆಟ್ಟಿಗಿ ಇನ್ನ ಎಲ್ಲೆಲ್ಲಿ ಅವ?”

“ಆಡಕಿ ಊರಾಗ ಎರಡು. ಅವು ಬರೋಬರ್ ಅವರಿ.”

“ನೋಡಿಯೇನು?”

“ಇಲ್ರಿ, ನೋಡಿಲ್ಲ.” ನಾಲ್ಕು ತಿಂಗಳಿಂದ ಆ ಹೊಲಗಳಲ್ಲಿ ಯಾರ್ಯಾರು ಮೋಟರಿಗೆ ಕೈ ಹಾಕಿದ್ದರೋ.

“ನಾಳೆ ಮುಂಜಾನೆ ಹೋಗಿ ನೋಡ್ಕೊಂಡು ಬರ್ತೀನ್ರಿ ವೈನಿ.”

ಒಬ್ಬನೇ ಹೋದರೆ ಅವನ್ನೂ ತಿದ್ದಿ ಬಂದು, ಮೊದಲಿಂದ ಸರಿ ಇದ್ದವು ಎನ್ನಬಹುದು.

“ಈಗೇ ನಡಿ,” ಎಂದೆ. “ನಾನೂ ಬರ್ತೀನಿ. ಆ ಹೊಲದವರ ಎದುರಿಗೇ ನೋಡೂಣು.”

ಅವನು ಗಾಡಿ ಚಾಲೂ ಮಾಡಿದ. ನಾನು ಹಿಂದೆ ಕೂತೆ.