ವಾಯಿದೆ ದಿನ ಸಿಗುತ್ತಿದ್ದ ಮಗಳು

ನನಗೆ ಆಗ ಇಪ್ಪತ್ನಾಲ್ಕು. ಅದಾಗಿ ನಲವತ್ತೈದು ವರ್ಷವಾಯಿತು.

ಗಂಡ ಇನ್ನೊಬ್ಬಳನ್ನು ಕಟ್ಟಿಕೊಂಡು ನನ್ನನ್ನು ಚೇಳೂರಿಗೆ, ತವರಿಗೆ ಅಟ್ಟಿದ. ಮೂರು ವರ್ಷದ ಮಗಳನ್ನು ಮಾತ್ರ ಕುಣಿಗಲ್ ಕಡೆಯ ಕೊತ್ತಗೆರೆಯಲ್ಲಿ ಅತ್ತೆಯ ಹತ್ತಿರವೇ ಇಟ್ಟುಕೊಂಡರು. ಮಗು ಬೇಕು ಅಂತ ತುಮಕೂರು ಕೋರ್ಟಿಗೆ ಹಾಕಿದೆವು. ವಕೀಲರನ್ನು ಆರಿಸಿದ್ದು ಅಪ್ಪ. ಅವರು ಒಳಗೆ ವಾದ ಮಾಡಿದರೆ ಗೇಟಿನ ಹತ್ತಿರ ಕೇಳಿಸುತ್ತಿತ್ತು.

"ಗಂಟಲು ನೋಡವ್ವ! ಮೆತ್ತಗೆ ಮಾತಾಡೋನು ನಿನ್ ಮಗೀನ ತಂದ್ಕೊಡ್ತಾನಾ?" ಅಂದ ಅಪ್ಪ. ನನಗೂ ಸರಿ ಅನ್ನಿಸಿತು.

ವಾಯಿದೆ, ಅಂದರೆ ಕೇಸಿನ ತಾರೀಖು, ಇದ್ದ ದಿನ ಮಗುವನ್ನು ಕರೆತಂದು ತಾಯಿಗೆ ತೋರಿಸಬೇಕು ಅಂತ ಜಡ್ಜು ಹೇಳಿದ್ದರು. ವಾಯಿದೆ ಬಂದರೆ ನನಗೆ ಹಬ್ಬ. ಗುಬ್ಬಿ ದಾಟಿ ತುಮಕೂರು ಮುಟ್ಟುವವರೆಗೂ ಬಸ್ಸಿನಲ್ಲಿ ನೆಟ್ಟಗೆ ಕೂರಲು ಆಗುತ್ತಿರಲಿಲ್ಲ. ಕೋರ್ಟಿನ ವರಾಂಡದಲ್ಲಿ ಅತ್ತೆ ಆ ತುದಿ, ನಾನು ಈ ತುದಿ. ಮಗಳು ಅಜ್ಜಿಯ ಸೆರಗಿನ ಹಿಂದಿನಿಂದ ಇಣುಕುತ್ತಾಳೆ, ಸ್ವಲ್ಪ ಬರುತ್ತಾಳೆ, ಓಡಿಹೋಗುತ್ತಾಳೆ. ನನ್ನ ಗುರುತು ಹತ್ತುವ ಹೊತ್ತಿಗೆ ಅವರ ಕುಣಿಗಲ್ ಬಸ್ಸಿನ ಹೊತ್ತು. ಮುಂದಿನ ಸಲ ಮತ್ತೆ ಮೊದಲಿನಿಂದ. ಮನೆಗೆ ಬಂದು ರಾಗಿ ಬೀಸಲು ಕೂತರೆ ತೊಡೆ ಖಾಲಿ ಖಾಲಿ ಅನ್ನಿಸುತ್ತಿತ್ತು.

ತೀರ್ಪು ಹೇಳುವ ದಿನ ಬಂತು. "ಇವತ್ತು ಮಗು ಎತ್ಕೊಂಡೇ ಹೋಗ್ತೀಯ ಕಣಮ್ಮ" ಅಂದಿದ್ದರು ವಕೀಲರು. ಅವತ್ತು ಮಗಳು ಬಂದವಳೇ ನನ್ನ ಮಡಿಲಿಗೆ ಏರಿದಳು. ಹುರಿಗಡಲೆ ತಿನ್ನುತ್ತಾ ಅಲ್ಲೇ ನಿದ್ದೆಹೋದಳು. ಅವಳ ತಲೆಯ ಬೆವರು ನನ್ನ ತೋಳಿಗೆ ಅಂಟಿತ್ತು. ನಾನು ಅಲ್ಲಾಡಲಿಲ್ಲ.

ಒಳಗೆ ಬೇರೆ ಯಾವುದೋ ಕೇಸು. ಜಡ್ಜು ಒಬ್ಬ ವಕೀಲರಿಗೆ ಗದರಿದರಂತೆ. ಅಷ್ಟಕ್ಕೇ ಕರಿ ಕೋಟಿನವರೆಲ್ಲ ಎದ್ದು ಮೇಜು ಕುಟ್ಟಿದರು, ಧಿಕ್ಕಾರ ಕೂಗಿದರು. ಎಲ್ಲರಿಗಿಂತ ಮೇಲೆ ನಮ್ಮ ವಕೀಲರ ಗಂಟಲು. ಮಗಳು ಬೆಚ್ಚಿಬಿದ್ದು ಎದ್ದಳು, ಕಿರುಚಿಕೊಂಡು ಅಜ್ಜಿಯ ಹತ್ತಿರ ಓಡಿದಳು. ಜಡ್ಜು ಎದ್ದು ಒಳಕೋಣೆಗೆ ಹೋದವರು ಆ ದಿನ ಮತ್ತೆ ಬರಲಿಲ್ಲ.

ವಕೀಲರು ಮುಖ ಒರೆಸಿಕೊಳ್ಳುತ್ತಾ ಹೊರಗೆ ಬಂದರು.

"ನನ್ ಕೇಸು, ಸ್ವಾಮಿ?"

"ಮುಂದಕ್ಕೆ ಹೋಯ್ತು. ಇದು ನಮ್ಮ ಮರ್ಯಾದೆ ಪ್ರಶ್ನೆ ಕಣಮ್ಮ."

"ನಿಮ್ ಮರ್ಯಾದೆಗೆ ನನ್ ಮಗೀನೇ ಬೇಕಿತ್ತಾ?"

ಅವರು ಉಳಿದ ವಕೀಲರ ಗುಂಪಿನತ್ತ ನಡೆದರು. ಅತ್ತೆ ಹಲ್ಲು ಕಿರಿದಳು. "ನಿನ್ ಲಾಯರ್ರೇ ನಮ್ಗೆ ಗೆಲ್ಸಿಕೊಟ್ಟ, ಬುಡು" ಅಂದು ಮಗುವನ್ನು ಕಂಕುಳಿಗೆ ಹಾಕಿಕೊಂಡು ನಡೆದಳು.

ಜಡ್ಜು ಹೈಕೋರ್ಟಿಗೆ ಬರೆದರು. ನ್ಯಾಯಾಂಗ ನಿಂದನೆ ಅಂತ ನಮ್ಮ ವಕೀಲರ ಮೇಲೂ ಕೇಸಾಯಿತು. ಅವರು ಕೋರ್ಟಿನ ಕ್ಷಮೆ ಕೇಳಿ ಬಚಾವಾದರು. ನನ್ನ ಕ್ಷಮೆ ಕೇಳಬೇಕು ಅಂತ ಯಾವ ಕಾನೂನೂ ಇರಲಿಲ್ಲ. ಅಷ್ಟರಲ್ಲಿ ಆ ಜಡ್ಜಿಗೆ ವರ್ಗವಾಯಿತು. ಹೊಸಬರು ವಾದವನ್ನೆಲ್ಲ ಮತ್ತೆ ಕೇಳಿದರು. ಅದು ಮುಗಿಯುವ ಹೊತ್ತಿಗೆ ಮಗಳು ಸ್ಕೂಲಿಗೆ ಹೋಗುತ್ತಿದ್ದಳು. "ಯಾರ ಹತ್ರ ಇರ್ತೀಯಮ್ಮ?" ಅಂತ ಜಡ್ಜು ಕೇಳಿದರೆ ಅಜ್ಜಿಯನ್ನು ತೋರಿಸಿದಳು; ಹಾಗೇ ತೀರ್ಪಾಯಿತು. ಅವಳದೇನು ತಪ್ಪು? ಈಗಲೂ ಬರುತ್ತಾಳೆ, ಉಣ್ಣುತ್ತಾಳೆ, ನೆಂಟರ ಹಾಗೆ ಹೇಳಿ ಹೋಗುತ್ತಾಳೆ.

ಆ ಗಲಾಟೆಯ ಮರುದಿನ ಬೆಳಿಗ್ಗೆ ನಾನು ಯಾರಿಗೂ ಹೇಳದೆ ಮೊದಲ ಬಸ್ಸು ಹತ್ತಿ ಕೊತ್ತಗೆರೆಗೆ ಹೋದೆ. "ಏನ್ಲೇ, ಇಲ್ಗೂ ಬಂದ್ಯಾ?" ಅಂದು ಅತ್ತೆ ಬಾಗಿಲು ಹಾಕಿಕೊಂಡಳು. ನಾನು ಜಗಲಿಯ ಮೇಲೆ ಕೂತೆ. ಸ್ವಲ್ಪ ಹೊತ್ತಿಗೆ ಮಗಳು ಕಿಟಕಿಗೆ ಬಂದು ಕಂಬಿ ಹಿಡಿದು ನಿಂತಳು. ಬಿಸಿಲು ನೆತ್ತಿಗೆ ಬರುವವರೆಗೂ ಒಬ್ಬರನ್ನೊಬ್ಬರು ನೋಡಿಕೊಂಡೇ ಇದ್ದೆವು.